ಅರಸರು ಹರಸಿದರು

ರಂಗನಾಯಕನಿಗೆ ಆ ಹೆಸರಿಟ್ಟವರು ನಾಟಕದ ಕಂಪನಿಯವರಲ್ಲ; ಗುಂಡ್ಲುಪೇಟೆಯಲ್ಲಿ ಎರಡೆಕರೆ ಹೊಲ ಉಳುತ್ತಿದ್ದ ಅವನ ಅಪ್ಪ. ಹೆಸರಿನೊಳಗೆ ರಂಗವೂ ಇತ್ತು, ನಾಯಕನೂ ಇದ್ದ. ಏನು ಬಂತು? ಇಪ್ಪತ್ತೆಂಟು ವರ್ಷ ಮುಖಕ್ಕೆ ಬಣ್ಣ ಹಚ್ಚಿದರೂ ಪುಣ್ಯಾತ್ಮ ಒಂದೇ ಒಂದು ದಿನ ನಾಯಕನ ಪಾರ್ಟು ಮಾಡಲಿಲ್ಲ. ದೂತನಾದ, ಮಂತ್ರಿಯಾದ, ಹುಡುಗಿಯ ಸೋದರಮಾವನಾದ, ಎರಡನೇ ಅಂಕದಲ್ಲೇ ಸಾಯುವ ಸೇನಾಪತಿಯಾದ. ಮೀಸೆ ಸರಿಯಾಗಿ ಮೂಡುವ ಮುಂಚೆಯೇ ಬಿಳಿ ಗಡ್ಡ ಕಟ್ಟಿಕೊಂಡು ಮುದುಕನಾದ. ನಾಯಕ ಬಂದಾಗ ಜನ ಸಿಳ್ಳೆ ಹೊಡೆಯುತ್ತಿದ್ದರು. ಇವನು ಬಂದಾಗ ಬೀಡಿ ಹಚ್ಚಿಕೊಳ್ಳುತ್ತಿದ್ದರು.

ಅವನ ತಾಯಿ ಮಾದಮ್ಮ ಮಾತ್ರ ಅವನ ಒಂದು ನಾಟಕವನ್ನೂ ನೋಡಿರಲಿಲ್ಲ. ಹದಿನಾಲ್ಕನೇ ವಯಸ್ಸಿನಲ್ಲಿ ಅವನು ನೇಗಿಲು ಬಿಟ್ಟು ಕಂಪನಿಯ ಗಾಡಿ ಹತ್ತಿದ ದಿನ ಅವಳು ಬೀದಿಯಲ್ಲಿ ನಿಂತು ಆಣೆ ಇಟ್ಟಿದ್ದಳು. “ಬಣ್ಣ ಬಳ್ಕಂಡಿರೋ ನಿನ್ ಮೊಕ ಈ ಕಣ್ಣಲ್ಲಿ ನೋಡಾಕಿಲ್ಲ ಕಣ್ಲಾ!” ಆಡಿದ ಮಾತಿಗೆ ತಪ್ಪುವ ಹೆಂಗಸಲ್ಲ ಅವಳು. ಕಂಪನಿ ಗುಂಡ್ಲುಪೇಟೆಯಲ್ಲೇ ಕ್ಯಾಂಪು ಹಾಕಿದಾಗ ಬಟ್ಟೆ ಗಂಟು ಕಟ್ಟಿಕೊಂಡು ತವರೂರು ಪುಣಜನೂರಿಗೆ ಹೊರಟುಹೋಗಿದ್ದಳು. ಮಗ ಮನೆಗೆ ಬಂದರೆ ಮುದ್ದೆ ಇಕ್ಕುವಳು, ತಲೆಗೆ ಎಣ್ಣೆ ಒತ್ತುವಳು. ನಾಟಕದ ಸುದ್ದಿ ಎತ್ತಿದರೆ ಎದ್ದು ಹಿತ್ತಲಿಗೆ ಹೋಗುವಳು. ಇಡೀ ಸೀಮೆ ನೋಡಿದ್ದನ್ನು ಹೆತ್ತವಳು ನೋಡಲಿಲ್ಲವಲ್ಲ ಎಂಬ ಸಂಕಟ ರಂಗನಾಯಕನಿಗೆ ಒಂದು ದಿನವೂ ಬಿಟ್ಟದ್ದಿಲ್ಲ.

ಅವನು ನಾಯಕನಾಗದೇ ಹೋದದ್ದಕ್ಕೆ ಕಾರಣ ಒಂದೇ ಒಂದು ಅಕ್ಷರ. ನಮ್ಮ ಸೀಮೆಯ ನಾಲಗೆಗೂ ಹಕಾರಕ್ಕೂ ಮೊದಲಿನಿಂದ ಆಗಿಬರುವುದಿಲ್ಲ. ಹಾಲು ಆಲಾಗುತ್ತದೆ, ಹೂವು ಊವಾಗುತ್ತದೆ, ಹಸು ಅಸುವಾಗುತ್ತದೆ. ಅದರಿಂದ ಯಾರಿಗೂ ತೊಂದರೆಯಿಲ್ಲ, ಹಸುವೇನೂ ಹಾಲು ಕೊಡುವುದನ್ನು ನಿಲ್ಲಿಸಿಲ್ಲ. ತೊಂದರೆ ಶುರುವಾಗುವುದು ತಿದ್ದಿಕೊಳ್ಳಲು ಹೊರಟಾಗ. ಆಗ ಬೇಕಾದ ಕಡೆ ಬಾರದ ಹಕಾರ ಬೇಡದ ಕಡೆಯೆಲ್ಲ ಬಂದು ಕೂರುತ್ತದೆ. ಅಕ್ಕಿ ಹಕ್ಕಿಯಾಗುತ್ತದೆ, ಆನೆ ಹಾನೆಯಾಗುತ್ತದೆ. ರಂಗನಾಯಕ ಮೊದಲ ಸಲ ದೂತನಾಗಿ ನುಗ್ಗಿದವನು “ಪ್ರಭು, ಅರಮನೆಯನ್ನು ಹಗೆಗಳು ಮುತ್ತಿದ್ದಾರೆ” ಎನ್ನುವ ಬದಲು “ಪ್ರಭು, ಹರಮನೆಯನ್ನು ಅಗೆಗಳು ಮುತ್ತಿದ್ದಾರೆ” ಎಂದುಬಿಟ್ಟ. ಹರ ಎಂಬ ಮಾತು ಕಿವಿಗೆ ಬಿದ್ದದ್ದೇ ಮುಂದಿನ ಸಾಲಿನ ಶೆಟ್ಟರೊಬ್ಬರು ಭಕ್ತಿಯಿಂದ ಕೈ ಮುಗಿದರಂತೆ. ಜನ ಗೊಳ್ಳೆಂದು ನಕ್ಕರು. ಪರದೆಯ ಹಿಂದೆ ಅವನ ಬೆನ್ನಿಗೆ ಬಿದ್ದ ಬಾಸುಂಡೆ ಒಂದು ವಾರ ಇತ್ತು.

ಕಂಪನಿಯಲ್ಲಿ ಮಾತು ಕಲಿಸುತ್ತಿದ್ದ ಗೋವಿಂದಯ್ಯ ಮೇಷ್ಟ್ರು ಹೊಡೆದು ಹೊಡೆದು ಸುಸ್ತಾಗಿ, ಕೊನೆಗೆ ಒಂದು ಉಪಾಯ ಹೇಳಿಕೊಟ್ಟರು. “ಬಾಯಿ ಮುಂದೆ ಅಂಗೈ ಹಿಡಿಯೋ. ಹ ಅಂದ್ರೆ ಉಸಿರು ಅಂಗೈಗೆ ಬಡೀಬೇಕು. ಅ ಅಂದ್ರೆ ಬಡೀಬಾರದು. ನಿನ್ನ ನಾಲಗೇನ ನಂಬಬೇಡ, ಅಂಗೈನ ನಂಬು.” ಅವನು ನಂಬಿದ. ಅದೃಷ್ಟಕ್ಕೆ, ರಾಜನ ಮುಂದೆ ಸೇವಕರು ಬಾಯಿಗೆ ಕೈ ಅಡ್ಡ ಹಿಡಿದು ಮಾತಾಡುವುದು ನಾಟಕದಲ್ಲಿ ಮರ್ಯಾದೆಯ ಲಕ್ಷಣ. ದೂತನಾಗಿ, ಮಂತ್ರಿಯಾಗಿ ಅವನು ಅಂಗೈ ಮರೆಯಲ್ಲಿ ಒಂದೊಂದು ಅಕ್ಷರವನ್ನೂ ತೂಗಿ ಬಿಡುತ್ತಿದ್ದ. ನೋಡಿದವರು “ಎಂಥ ವಿನಯ ನೋಡಿ ಇವನದು!” ಎನ್ನುತ್ತಿದ್ದರು. ಆದರೆ ನಾಯಕನ ಪಾರ್ಟು ಎಲ್ಲಿಂದ ಸಿಗಬೇಕು? ಯಾವ ನಾಯಕ ನಾಯಕಿಯ ಮುಂದೆ ಬಾಯಿ ಮುಚ್ಚಿಕೊಂಡು ನಿಲ್ಲುತ್ತಾನೆ?

ಐವತ್ತನಾಲ್ಕನೇ ಇಸವಿಯಲ್ಲಿ ಕಂಪನಿ ಚಾಮರಾಜನಗರದಲ್ಲಿ ಕ್ಯಾಂಪು ಮಾಡಿತ್ತು. ಕಂಪನಿಯ ಯಜಮಾನರು ನೀಲಕಂಠಸ್ವಾಮಿ ಒಳ್ಳೆಯ ಮನುಷ್ಯ, ಆದರೆ ಸಿನಿಮಾ ಬಂದ ಮೇಲೆ ಅವರ ಬೆಂಚುಗಳು ಖಾಲಿ ಹೊಡೆಯುತ್ತಿದ್ದವು. ಕೊನೆಯ ಪ್ರಯತ್ನ ಎಂದು ಒಂದು ಹೊಸ ಸಾಮಾಜಿಕ ನಾಟಕ ಬರೆಸಿದರು. ಅದರಲ್ಲಿ ಎಲ್ಲಕ್ಕಿಂತ ದೊಡ್ಡ ಪಾರ್ಟು ಒಬ್ಬ ಮುದಿ ತಂದೆಯದು. ರಂಗನಾಯಕನನ್ನು ಕರೆದು ಹೇಳಿದರು: “ಆ ತಂದೆಗೆ ಕ್ಷಯ. ಮೂರು ಅಂಕವೂ ಕೆಮ್ಮುತ್ತಾನೇ ಇರ್ತಾನೆ. ಕೈ ಬಾಯಿ ಮೇಲೆ ಇದ್ದರೆ ಯಾರೂ ಕೇಳೋದಿಲ್ಲ. ನಿನಗೋಸ್ಕರಾನೇ ಬರೆಸಿದ್ದು ಕಣಯ್ಯಾ.” ರಂಗನಾಯಕ ಅವರ ಕಾಲಿಗೆ ಬಿದ್ದು ಅತ್ತುಬಿಟ್ಟ.

ಅತ್ತದ್ದಕ್ಕೆ ಇನ್ನೊಂದು ಕಾರಣವೂ ಇತ್ತು. ಮಾದಮ್ಮನ ಎರಡೂ ಕಣ್ಣಿಗೆ ಪೊರೆ ಬಂದು ಆಗಲೇ ವರ್ಷವಾಗಿತ್ತು. ಆಸ್ಪತ್ರೆ ಎಂದರೆ ಹೆದರಿ ಸಾಯುತ್ತಿದ್ದಳು, ಹೀಗಾಗಿ ಪೂರಾ ಕತ್ತಲಾಗಿತ್ತು. ಮಗ ಊರಿಗೆ ಓಡಿಬಂದು ದೊಡ್ಡ ಪಾರ್ಟಿನ ಸುದ್ದಿ ಹೇಳಿದಾಗ, ಈ ಸಲ ಅವಳು ಎದ್ದು ಹಿತ್ತಲಿಗೆ ಹೋಗಲಿಲ್ಲ.

“ನೋಡಾಕಿಲ್ಲ ಅಂತ ತಾನೆ ಆಣೆ ಮಡಗಿದ್ದು? ಕೇಳಾಕಿಲ್ಲ ಅಂದಿದ್ನಾ?” ಎಂದಳು. “ಈಗ ನೋಡೂ ಅಂದ್ರೂ ಕಣ್ಣಿಲ್ಲ ಬುಡು. ಬತ್ತೀನಿ ಕಣ್ಲಾ. ನೀ ಯೋಳೂದ ಒಂದ್ಸಲ ಕೇಳ್ಬುಡ್ತೀನಿ.”

ಇಪ್ಪತ್ತೆಂಟು ವರ್ಷ ಕಾದ ಮಾತು! ಇಂಥ ಮಾತು ಬಂದ ಮೇಲೆ ಮನುಷ್ಯನಾದವನು ಸುಮ್ಮನೆ ಬಸ್ಸು ಹತ್ತಿಸಿ ತಾಯಿಯನ್ನು ಚಾಮರಾಜನಗರಕ್ಕೆ ಕರೆದುಕೊಂಡು ಹೋಗಬೇಕೋ ಬೇಡವೋ? ಆದರೆ ಹಣೆಬರಹ ನೋಡಿ. ನಾಟಕಕ್ಕೆ ಇನ್ನು ಹತ್ತು ದಿನ ಇರುವಾಗ ಮದರಾಸಿನಿಂದ ಒಬ್ಬ ಸಿನಿಮಾ ಡೈರೆಕ್ಟರು ಕಾರಿನಲ್ಲಿ ಬಂದಿಳಿದ. ಹಳೆಯ ನಾಟಕದಲ್ಲಿ ದೂತನಾಗಿ ನಿಂತಿದ್ದ ರಂಗನಾಯಕನನ್ನು ನೋಡಿದ. “ನಿಮ್ಮ ಮುಖ ನಮಗೆ ಬೇಕು” ಎಂದ. ಮುಖ ಬೇಕು ಎಂದನೇ ಹೊರತು ಬೇರೇನೂ ಬೇಕೆನ್ನಲಿಲ್ಲ. ರಂಗನಾಯಕನಿಗೆ ಅದು ಆಗ ಹೊಳೆಯಲಿಲ್ಲ. ಶೂಟಿಂಗಿಗೆ ಕೂಡಲೇ ಹೊರಡಬೇಕಿತ್ತು. ನೀಲಕಂಠಸ್ವಾಮಿ “ಬೇಡಯ್ಯ, ನಿನ್ನ ನಂಬಿ ನಾಟಕ ಎತ್ತಿದ್ದೀನಿ” ಎಂದು ಕೈ ಹಿಡಿದುಕೊಂಡರೂ ನಿಲ್ಲಲಿಲ್ಲ. ಇಪ್ಪತ್ತೆಂಟು ವರ್ಷ ಬಾಯಿ ಮುಚ್ಚಿಕೊಂಡಿದ್ದವನಿಗೆ ತಲೆ ತಿರುಗಿತ್ತು.

“ನಾಟ್ಕ ಬುಡವ್ವ,” ಎಂದ ತಾಯಿಗೆ. “ಅಲ್ಲೀಗಂಟ ಬಸ್ನಾಗೆ ಯಾಕ್ ಕುಲುಕ್ಕಂಡ್ ಬತ್ತೀಯೆ? ಸಿನ್ಮಾ ಇಲ್ಲೀಗೇ ಬತ್ತದೆ. ನಮ್ ಟೆಂಟ್ನಲ್ಲೇ ಕುಂತ್ಕಂಡ್ ಕೇಳೀವಂತೆ.”

“ಅಂಗಂತೀಯಾ?” ಎಂದಳು ಮಾದಮ್ಮ. ಅವಳು ಹೊರಡಲೆಂದು ತೆಗೆದಿಟ್ಟಿದ್ದ ಸೀರೆಯನ್ನು ತಡಕಿ ಮತ್ತೆ ಪೆಟ್ಟಿಗೆಗೆ ಹಾಕಿದಳು.

ಮದರಾಸಿನಲ್ಲಿ ಹದಿನೈದು ದಿನ ಕಾಯಿಸಿದರು. ಅವನಿಗೆ ಇದ್ದದ್ದು ಒಂದೇ ದೃಶ್ಯ. ರಾಜಕುಮಾರಿಯ ಮದುವೆಗೆ ರಾಜ ಒಪ್ಪಿಗೆ ಕೊಡುತ್ತಾನೆ, ದೂತ ಅರಮನೆಯ ಬಾಗಿಲಿಗೆ ಬಂದು ಸಾರುತ್ತಾನೆ: “ಅರಸರು ಹರಸಿದರು! ಹೋಗಿ, ಊರಿಗೆಲ್ಲ ಹೇಳಿ!” ಇಷ್ಟೇ. ರಂಗನಾಯಕ ಅಭ್ಯಾಸದಂತೆ ಅಂಗೈಯನ್ನು ಬಾಯಿಗೆ ಅಡ್ಡ ಹಿಡಿದು ಹೇಳಿದ. ತಪ್ಪಿಲ್ಲದೆ ಬಂತು.

“ಕೈ ಇಳಿಸಿ,” ಎಂದ ಡೈರೆಕ್ಟರು. “ಮುಖಾನೇ ಕಾಣ್ತಾ ಇಲ್ಲ. ಮೈಕಿಗೂ ಅಡ್ಡ.”

ಕೈ ಇಳಿಸಿದ. ಎದುರಿಗೆ ಕಣ್ಣು ಕುಕ್ಕುವ ದೀಪಗಳು, ತಲೆಯ ಮೇಲೆ ನೇತಾಡುವ ಮೈಕು. ಬಾಯಿ ಮುಂದೆ ಏನೂ ಇಲ್ಲದೆ ಅವನಿಗೆ ಮೈಮೇಲೆ ಬಟ್ಟೆಯೇ ಇಲ್ಲದ ಹಾಗಾಯಿತು. “ಹರಸರು ಅರಸಿದರು! ಓಗಿ, ಊರಿಗೆಲ್ಲ ಏಳಿ!” ಎಂದ. ದೀಪ ಹಿಡಿದವರು ಕೂಡ ನಕ್ಕರು. ಮತ್ತೆ ಹೇಳಿದ: “ಅರಸರು ಅರಸಿದರು!” ಹರಸಬೇಕಾದ ರಾಜ ಯಾರನ್ನೋ ಹುಡುಕುತ್ತ ಹೊರಟ. ಒಂಬತ್ತು ಸಲ ಆಯಿತು. ಒಂಬತ್ತನೆಯದು ಸರಿಯಾಗಿತ್ತೆಂದೇ ರಂಗನಾಯಕನಿಗೆ ಅನಿಸಿತು. ಡೈರೆಕ್ಟರು ಮೈಕಿನವನ ಕಡೆ ತಿರುಗಿ ತಮಿಳಿನಲ್ಲಿ “ಅಪ್ಪುರಂ ಪಾತ್ತುಕ್ಕಲಾಂ” ಎಂದ. ಆಮೇಲೆ ನೋಡಿಕೊಳ್ಳೋಣ ಎಂದರ್ಥ. ಗಡಿ ಸೀಮೆಯವನಿಗೆ ಅಷ್ಟು ತಮಿಳು ಗೊತ್ತಿತ್ತು, ಆಮೇಲೆ ಏನನ್ನು ನೋಡಿಕೊಳ್ಳುತ್ತಾರೆ ಎಂಬುದು ಮಾತ್ರ ಗೊತ್ತಾಗಲಿಲ್ಲ.

ಅವನು ಚಾಮರಾಜನಗರಕ್ಕೆ ಮರಳುವಷ್ಟರಲ್ಲಿ ಕಂಪನಿಯೇ ಇರಲಿಲ್ಲ. ಮುದಿ ತಂದೆಯ ಪಾರ್ಟನ್ನು ಯಾರೋ ಹುಡುಗನ ಕೈಲಿ ಮಾಡಿಸಿದ್ದರಂತೆ, ಮೂರನೇ ದಿನಕ್ಕೆ ನಾಟಕ ಬಿದ್ದುಹೋಗಿತ್ತು. ತಗಡಿನ ಥಿಯೇಟರು ಬಿಚ್ಚುತ್ತಿದ್ದ ಆಳುಗಳು ಮಾತ್ರ ಇದ್ದರು. ನೀಲಕಂಠಸ್ವಾಮಿ ಯಾವ ಕಡೆ ಹೋದರೆಂದು ಅವರಿಗೂ ತಿಳಿಯದು. ರಂಗನಾಯಕ ಖಾಲಿ ಮೈದಾನದಲ್ಲಿ ಸಂಜೆಯವರೆಗೆ ಕೂತಿದ್ದು ಗುಂಡ್ಲುಪೇಟೆಯ ಬಸ್ಸು ಹತ್ತಿದ.

ಊರಲ್ಲಿ ಈರುಳ್ಳಿ ಮಂಡಿಯವರು ಕರುಣೆಯಿಂದ ಹರಾಜು ಕೂಗುವ ಕೆಲಸ ಕೊಟ್ಟರು. ಮಂಡಿಯ ಜನ ಅದನ್ನು ಅರಾಜು ಎನ್ನುತ್ತಿದ್ದರು; ಇವನೊಬ್ಬ ಬಾಯಿಗೆ ಕೈ ಅಡ್ಡ ಇಟ್ಟು ಹರಾಜು ಎನ್ನುವನು. ಮೂಟೆ ತುಂಬಿಕೊಳ್ಳಲು ಬಂದ ಮಲಯಾಳಿ ಲಾರಿ ಡ್ರೈವರುಗಳು ಇವನಿಗೆ ಹಲ್ಲುನೋವು ಎಂದುಕೊಂಡಿದ್ದರು. ಎರಡು ವರ್ಷ ಹೀಗೆ ಹೋಯಿತು. ದಿನವೂ ಮನೆಗೆ ಬಂದೊಡನೆ ಮಾದಮ್ಮ ಕೇಳುತ್ತಿದ್ದಳು: “ಬಂತೇನ್ಲಾ ನಿನ್ ಬೊಂಬೆ?” ಅವಳ ಪಾಲಿಗೆ ಸಿನಿಮಾ ಬೊಂಬೆ. “ಬತ್ತದೆ ಕಣವ್ವ” ಎನ್ನುವನು ಇವನು.

ಬಂತು. ಊರ ಹೊರಗಿನ ಟೆಂಟಿನಲ್ಲಿ ಏಳು ದಿನ. ಪಕ್ಕದ ಮನೆಯ ಪುಟ್ಟಮಾದು, ಅವನೂ ಮಂಡಿಯಲ್ಲಿ ಮೂಟೆ ಹೊರುವವನು, ತಾನೇ ಮುದುಕಿಯನ್ನು ರಟ್ಟೆ ಹಿಡಿದು ಸಾಯಂಕಾಲದ ಮೊದಲ ಆಟಕ್ಕೆ ನಡೆಸಿಕೊಂಡು ಹೋದ. ಮಾದಮ್ಮ ಪೆಟ್ಟಿಗೆಯ ಸೀರೆ ಉಟ್ಟಿದ್ದಳು. ಮರಳ ಮೇಲೆ ಮಗನ ಪಕ್ಕ ಕೂತು, ಎರಡು ಗಂಟೆ ಹೊತ್ತು ಕಿವಿಯ ಮೇಲಿನ ಸೆರಗು ಸರಿಸಿಕೊಂಡೇ ಇದ್ದಳು. ಅರಮನೆಯ ಬಾಗಿಲು ತೆರೆಯಿತು, ರಂಗನಾಯಕನ ಮುಖ ಟೆಂಟಿನಷ್ಟಗಲ ಮೂಡಿತು.

“ಅಗೋ! ನಮ್ ರಂಗಣ್ಣ!” ಎಂದು ಪುಟ್ಟಮಾದು ಕೂಗಿ, ಕೂಡಲೇ ತಾನೇ ಬಾಯಿ ಮುಚ್ಚಿಕೊಂಡ.

“ಅರಸರು ಹರಸಿದರು! ಹೋಗಿ, ಊರಿಗೆಲ್ಲ ಹೇಳಿ!”

ಕಂಚಿನಂಥ ದನಿ. ಒಂದೊಂದು ಹಕಾರವೂ ಗಂಟೆ ಬಾರಿಸಿದ ಹಾಗೆ. ಅದು ರಂಗನಾಯಕನ ದನಿಯಾಗಿರಲಿಲ್ಲ. ತುಟಿ ಅವನದು, ಕಣ್ಣು ಅವನದು, ಮಾತು ಮದರಾಸಿನಲ್ಲಿ ಕೂತ ಇನ್ನಾವನದೋ. ‘ಆಮೇಲೆ ನೋಡಿಕೊಳ್ಳೋಣ’ ಎಂದರೆ ಏನೆಂದು ಅವನಿಗೆ ಈಗ ಗೊತ್ತಾಯಿತು. ಜನ ಸಿಳ್ಳೆ ಹೊಡೆದರು. ಜನ್ಮದಲ್ಲಿ ಮೊದಲ ಸಲ ಅವನಿಗೆ ಸಿಳ್ಳೆ ಬಿದ್ದದ್ದು.

ಆಟ ಮುಗಿದ ಮೇಲೂ ಮಾದಮ್ಮ ಏಳಲಿಲ್ಲ. “ನೀ ಬರ್ಲೇ ಇಲ್ವಲ್ಲಾ?” ಎಂದಳು.

“ಬಂದಿದ್ನಲ್ಲ ನಿನ್ ಮಗ!” ಎಂದ ಪುಟ್ಟಮಾದು. “ಅರಸ್ರು ಅರಸುದ್ರು ಅಂತ ಗುಡುಗ್ದ ಅಂಗೆ ಯೋಳ್ಲಿಲ್ವಾ? ಅವ್ನೇ ಕಣವ್ವ!”

“ಸುಮ್ನಿರ್ಲಾ. ನನ್ ಮಗುನ್ ದನಿ ನಂಗೊತ್ತಿಲ್ವಾ? ಅವ ಯಾವನೋ ದೊಡ್ ಮನ್ಸ.”

“ನಾ ಕಣ್ಣಾರೆ ಕಂಡೆ ಕಣವ್ವ!”

“ನಾ ಕಿವಿಯಾರೆ ಕೇಳ್ದೆ ಕಣಪ್ಪ!” ಸುತ್ತ ನಿಂತವರು ನಕ್ಕರು. ಮುದುಕಿಗೆ ಅರಳುಮರಳು ಎಂದು ಯಾರೋ ಅಂದದ್ದು ಅವಳ ಕಿವಿಗೂ ಬಿತ್ತು. ಅವಳು ಮಗನ ಕಡೆ ತಿರುಗಿದಳು. “ನೀನೇ ಯೋಳ್ಲಾ. ಅವ ನೀನಾ?”

ಅಲ್ಲ ಎಂದರೆ ಊರ ಮುಂದೆ ಮಾನ ಹೋಗುತ್ತದೆ. ಹೌದು ಎಂದರೆ ತಾಯಿಗೆ ಸುಳ್ಳು. ರಂಗನಾಯಕ ಸುಳ್ಳನ್ನೇ ಹಿಡಿದ. “ನಾನೇ ಕಣವ್ವ. ಬಣ್ಣ ಅಚ್ಕಂಡ್ರೆ ದನಿ ಬ್ಯಾರೆ ಆಯ್ತದೆ. ನೀ ಯಾವತ್ತೂ ಕೇಳಿಲ್ವಲ್ಲ, ಅದ್ಕೇ ಗುರ್ತು ಸಿಗ್ನಿಲ್ಲ.”

“ಅಂಗಾ? ಎಲ್ಲಿ, ಇನ್ನೊಂದ್ಸಲ ಯೋಳು.”

ಅವನು ಗಂಟಲು ಸರಿಮಾಡಿಕೊಂಡು ಬಾಯಿ ತೆರೆದ. ಬಂದದ್ದು ಅವನದೇ ದನಿ, ಒಡಕು ದನಿ. ಮಾದಮ್ಮ ಕೋಲು ಊರಿಕೊಂಡು ಎದ್ದಳು. “ಬುಡು ಮಗ,” ಎಂದಳು. “ಸುಳ್ ಯಾಕ್ ಯೋಳ್ದೆ? ಮದ್ರಾಸ್ಗೆ ಓಗ್ನೇ ಇಲ್ವಾ ನೀನು?”

ಮನೆಗೆ ಬಂದು ಮುದುಕಿ ಬೈಯಲೂ ಇಲ್ಲ, ಅಳಲೂ ಇಲ್ಲ. ಬೈದಿದ್ದರೆ ವಾಸಿಯಿತ್ತು. ಮಗ ಮಂಡಿಯಿಂದ ಬಂದರೆ ಬೊಂಬೆಯ ಮಾತು ಕೇಳುವುದನ್ನು ನಿಲ್ಲಿಸಿಬಿಟ್ಟಳು. ಬೀದಿಯವರು ಬಂದು ಮಗನನ್ನು ಹೊಗಳಿದರೆ “ಅದ್ರಲ್ಲಿ ನನ್ ಮಗ ಇಲ್ಲ” ಎಂದು ಮುಖ ತಿರುಗಿಸುವಳು. ಅವರು ಹೊರಗೆ ಹೋಗಿ ನಗುವರು. ಇಡೀ ಊರಿನಲ್ಲಿ ನಿಜ ಹೇಳುತ್ತಿದ್ದವಳು ಅವಳೊಬ್ಬಳೇ, ಹುಚ್ಚಿ ಎನ್ನಿಸಿಕೊಂಡವಳೂ ಅವಳೊಬ್ಬಳೇ. ಅದನ್ನು ಕೇಳಿಕೊಂಡು ಇರಲು ರಂಗನಾಯಕನಿಗೆ ಆಗಲಿಲ್ಲ. ಆ ದನಿ ನನ್ನದಲ್ಲದಿದ್ದರೆ ಏನಂತೆ, ನನ್ನದು ಮಾಡಿಕೊಳ್ಳುತ್ತೇನೆ ಎಂದು ಹಟ ಹಿಡಿದ. ನಟನಲ್ಲವೇ ತಾನು?

ಪ್ರತಿ ಸಾಯಂಕಾಲ ಟೆಂಟಿನ ಹೊರಗೆ ನಿಂತು ಆ ಒಂದು ಮಾತಿಗೆ ಕಿವಿ ಕೊಟ್ಟ. ಪ್ರತಿ ಮುಂಜಾನೆ ಬಂಡೀಪುರದ ರಸ್ತೆಯಲ್ಲಿ ಜನವಿಲ್ಲದ ಕಡೆ ನಡೆದು, ಮರಗಳ ಮುಂದೆ ಅಂಗೈ ಹಿಡಿದು ಕೂಗಿದ. ಎಲ್ಲಿ ಉಸಿರು ತುಂಬುತ್ತಾನೆ, ಎಲ್ಲಿ ಬಿಡುತ್ತಾನೆ, ಎಲ್ಲಿ ದನಿಯನ್ನು ಎದೆಗಿಳಿಸುತ್ತಾನೆ, ಎಲ್ಲವನ್ನೂ ಕದ್ದ. ಏಳನೇ ದಿನ ಮಂಡಿಗೆ ಹೋಗದೆ ಅಲ್ಲೇ ಉಳಿದು, ಅಂಗೈ ಇಳಿಸಿ ಕೂಗಿದಾಗಲೂ ಮಾತು ಹಾಗೇ ಬಂತು, ಅದೇ ಕಂಚಿನ ದನಿ. ಅಷ್ಟು ಒಳ್ಳೆಯ ಕೆಲಸವನ್ನು ಅವನು ಇಪ್ಪತ್ತೆಂಟು ವರ್ಷದಲ್ಲಿ ಮಾಡಿರಲಿಲ್ಲ. ಸಂತೋಷಕ್ಕೆ ಒಬ್ಬನೇ ನಗುತ್ತ ಮನೆಗೆ ಓಡಿದ.

ಬಿಸಿಲು ನೆತ್ತಿಗೆ ಬಂದಿತ್ತು. ಮಾದಮ್ಮ ನಡುಮನೆಯಲ್ಲಿ ಕೂತು ಅವರೆಕಾಯಿ ಬಿಡಿಸುತ್ತಿದ್ದಳು. ರಂಗನಾಯಕ ಹೊಸ್ತಿಲ ಮೇಲೆ ನೆಟ್ಟಗೆ ನಿಂತ. ಕೈ ಎತ್ತಲಿಲ್ಲ.

“ಅರಸರು ಹರಸಿದರು! ಹೋಗಿ, ಊರಿಗೆಲ್ಲ ಹೇಳಿ!”

ಮಾದಮ್ಮ ಗಡಬಡಿಸಿ ಎದ್ದಳು. ಮಡಿಲಿನ ಕಾಳು ಚೆಲ್ಲಿದವು. ತಲೆಯ ಮೇಲೆ ಸೆರಗು ಎಳೆದುಕೊಂಡು, ಅವನಿಗೆ ಕೈ ಮುಗಿದಳು.

“ಯಾರ್ ಸ್ವಾಮಿ? ನನ್ ಮಗ ಮನೇಲಿಲ್ಲ. ಮಂಡಿಗೆ ಓಗವ್ನೆ.”

ರಂಗನಾಯಕ ಹೊಸ್ತಿಲಿಂದ ಒಂದು ಹೆಜ್ಜೆ ಹಿಂದೆ ಸರಿದ.

“ಆ ಬೊಂಬೇಲಿ ಮಾತಾಡ್ದೋರು ತಾವೇ ಅಲ್ವಾ ಸ್ವಾಮಿ? ಅರಸ್ರು ಅರಸುದ್ರಾ? ಯಾರ, ನನ್ ಮಗನ್ನಾ?” ಅವಳ ಕಿವಿಗೂ ಹಕಾರವೆಂಬುದು ಇರಲಿಲ್ಲ. ಹರಸಿದ್ದು ಅವಳಿಗೆ ಅರಸಿದ್ದಾಗಿ ಕೇಳಿಸಿತ್ತು. ಕುರುಡು ಕಣ್ಣಿನಲ್ಲಿ ನೀರು ತುಂಬಿತು. “ಅವ್ನ ಉಡುಕ್ಕಂಡ್ ಇಲ್ಲೀಗಂಟ ಬಂದ್ರಾ! ಕುಂತ್ಕಳಿ ಸ್ವಾಮಿ, ಕರೆಸ್ತೀನಿ.”

ತನ್ನ ದನಿಯಲ್ಲಿ ‘ಅವ್ವಾ, ನಾನು’ ಎಂದರೆ ಆ ಮುಖದ ಮೇಲಿನ ಬೆಳಕು ಆರಿಹೋಗುತ್ತದೆ. ಕದ್ದ ದನಿಯಲ್ಲಿ ಅವನಿಗೆ ಬರುತ್ತಿದ್ದದ್ದು ಆ ಒಂದೇ ಮಾತು. ಬೇರೇನೂ ತೋಚದೆ, ದೂತರು ರಾಜನಿಗೆ ಬೆನ್ನು ತೋರಿಸದೆ ಹೋಗುತ್ತಾರಲ್ಲ ಹಾಗೆ, ಹಿಂದೆ ಹಿಂದೆ ಹೆಜ್ಜೆ ಇಡುತ್ತ ಅಂಗಳ ದಾಟಿ ಹೊರಬಿದ್ದ. ಮಂಡಿಯ ಮೂಟೆಗಳ ಹಿಂದೆ ಕೂತು, ಅಂಗೈಯಲ್ಲಿ ಬಾಯಿ ಒತ್ತಿ ಹಿಡಿದು ಅತ್ತ.

ಬಿಸಿಲು ಇಳಿಯುವ ಹೊತ್ತಿಗೆ ಅವನು ಮನೆಗೆ ಬಂದರೆ, ಬಾಗಿಲಲ್ಲೇ ಮಾದಮ್ಮ ನಿಂತಿದ್ದಳು. ಕೈಯಲ್ಲಿ ಬಟ್ಟೆಗಂಟು, ಅದರ ಮೇಲೆ ಕಟ್ಟಿದ ರಾಗಿರೊಟ್ಟಿ.

“ಎಲ್ಲಿಗ್ ಓಗಿದ್ಲಾ ರಂಗಾ? ಅವ್ರು ಬಂದಿದ್ರು ಕಣ್ಲಾ, ಆ ಬೊಂಬೆಯೋರು! ಅರಸ್ರು ನಿನ್ನ ಅರಸ್ತಾವ್ರಂತೆ. ನಿನ್ ಪಾರ್ಟು ಅದ್ರಲ್ಲಿ ಬುಟ್ಟೋಗಿತ್ತಲ್ಲ, ಅದ್ಕೇ ಈಗ ಉಡುಕ್ಕಂಡ್ ಬಂದವ್ರೆ. ಪಾಪ, ಕಾದು ಕಾದು ಓರ್ಟೋದ್ರು.” ಅವಳು ಅವನ ಕೆನ್ನೆ ತಡವಿದಳು. “ನಾ ನಿನ್ನ ಸುಳ್ಳ ಅಂದ್ಬುಟ್ಟೆ. ಮನಸ್ಗೆ ಅಚ್ಕಬ್ಯಾಡ. ಓಗು, ಬ್ಯಾಗ ಓಗು. ಕಡೇ ಬಸ್ಸು ಇನ್ನೂ ಓಗಿಲ್ಲ. ನನ್ನ ಪುಟ್ಟಮಾದು ಎಂಡ್ರು ನೋಡ್ಕತಾಳೆ, ಮಾತಾಡಿವ್ನಿ.”

“ಅವ್ವಾ...”

“ಏನೂ ಯೋಳ್ಬ್ಯಾಡ. ಈ ಸಲ ಜೋರಾಗ್ ಯೋಳು ಅಲ್ಲಿ. ನಂಗೆ ಕೇಳ್ಬೇಕು.”

ಎಷ್ಟು ವರ್ಷಗಳ ಮೇಲೆ ಅವಳು ಹಾಗೆ ನಕ್ಕದ್ದು! ಆ ನಗುವಿನ ಮುಂದೆ ರಂಗನಾಯಕನಿಗೆ ಬೇರೆ ದಾರಿ ಉಳಿಯಲಿಲ್ಲ. ಗಂಟು ತೆಗೆದುಕೊಂಡ. ತಾಯಿಯ ಕಾಲು ಮುಟ್ಟಿದ. “ಓಯ್ತೀನಿ ಕಣವ್ವ” ಎಂದ.

ಬಸ್ ಸ್ಟ್ಯಾಂಡಿನಲ್ಲಿ ಮೈಸೂರಿನ ಕಡೇ ಬಸ್ಸು ಹೊರಡಲು ನಿಂತಿತ್ತು. ಕಂಡಕ್ಟರು ಅವನನ್ನು ಹತ್ತಿಸಿಕೊಂಡು, ಟಿಕೆಟ್ ಪುಸ್ತಕ ತೆಗೆದು, “ಎಲ್ಲಿಗೆ?” ಎಂದು ಕೇಳಿದ. ರಂಗನಾಯಕ ಬಾಯಿಗೆ ಕೈ ಅಡ್ಡ ಹಿಡಿದುಕೊಂಡ. ಅಂಗೈ ಹಿಡಿದೇ ಇದ್ದ, ಹೇಳಲು ಒಂದು ಊರಿನ ಹೆಸರೂ ಅವನಿಗೆ ಬರಲಿಲ್ಲ.